ಮನೆಯಲ್ಲಿ 80 ಸರಾಸರಿ ಬರ್ತಿದೆ. ಐಟಿ ಕೆಲಸ ಬಿಟ್ಟು ಡಾರ್ಟ್ಸ್ ಆಡೋಕೆ ಇಳೀಬಹುದಾ?

ನಿಮ್ಮ ಪ್ರಶ್ನೆಯಲ್ಲಿ 'ಮನೆಯಲ್ಲಿ' ಅನ್ನೋ ಪದ ಓದಿ ನಗು ಬಂತು. ನನ್ನದು 84 ಇತ್ತು, ಅಂದ್ರೆ ಮೂರು ಡಾರ್ಟಿಗೆ ಸರಾಸರಿ 84 ಅಂಕ. ಮನೆಯಲ್ಲಿ.

ನಾನು ಹಾಸನದವನು, ಇಂಗ್ಲೆಂಡಿನ ರೆಡಿಂಗ್‌ನಲ್ಲಿದ್ದೀನಿ. ಸಾಫ್ಟ್‌ವೇರ್ ಟೆಸ್ಟಿಂಗ್ ಕೆಲಸ. ಟೆಸ್ಟಿಂಗ್ ಅನ್ನೋದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ. ಗುರುವಾರ ಗುರುವಾರ ಪಬ್ ಲೀಗ್ ಆಡುತ್ತಾ ಆಡುತ್ತಾ ಹುಚ್ಚು ಹಿಡಿಯಿತು. ಖಾಲಿ ರೂಮಿನಲ್ಲಿ ಬೋರ್ಡ್ ಹಾಕಿದೆ. ದಿನಾ ಮೂರು ಗಂಟೆ ಎಸೆದೆ. ಐಎಲ್‌ಆರ್, ಅಂದ್ರೆ ಇಲ್ಲಿ ಕಾಯಂ ಆಗಿ ಇರೋ ಅನುಮತಿ, ಸಿಕ್ಕಿ ವೀಸಾ ಕಾಟ ತಪ್ಪಿದ ಮೇಲೆ ಸಂಬಳವಿಲ್ಲದ ರಜೆ ಆರು ತಿಂಗಳು ಬರೆದುಕೊಟ್ಟೆ. ಅಪ್ಪ ಫೋನಿನಲ್ಲಿ ಕೇಳಿದ್ದು ಒಂದೇ ಮಾತು: "ಜಾತ್ರೇಲಿ ಬಲೂನ್ ಹೊಡೆಯೋಕೆ ರಜೆ ಹಾಕಿದ್ಯೇನೋ?"

ಈಗ ನನ್ನ ತಪ್ಪಿಗೆ ಬರ್ತೀನಿ. ಸ್ವಲ್ಪ ಉದ್ದ ಆಗುತ್ತೆ, ಸಹಿಸಿಕೊಳ್ಳಿ.

ಎಸೆಯುವವನು ನಿಲ್ಲುವ ಗೆರೆಗೆ ಇಲ್ಲಿ ಓಕಿ ಅಂತಾರೆ. ಬೋರ್ಡಿಗೂ ಅದಕ್ಕೂ 2.37 ಮೀಟರ್ ದೂರ ಇರಬೇಕು. ನಾನು ಟೇಪ್ ಹಿಡಿದು ಸರಿಯಾಗಿ 2.37 ಅಳೆದೆ. ಗೋಡೆಯಿಂದ. ಅಳೆಯಬೇಕಾಗಿದ್ದು ಬೋರ್ಡಿನ ಮುಖದಿಂದ. ಗೋಡೆ ಮೇಲೆ ಒಂದು ಪ್ಲೈವುಡ್ ಹಲಗೆ, ಅದರ ಮೇಲೆ ಕ್ಲಾಂಪು, ಅದರ ಮೇಲೆ ಬೋರ್ಡಿನ ದಪ್ಪ. ಎಲ್ಲಾ ಸೇರಿ ಹತ್ತಿರ ಹತ್ತಿರ ಆರು ಸೆಂಟಿಮೀಟರ್. ಅಂದ್ರೆ ಒಂದೂವರೆ ವರ್ಷ ನಾನು ಬೋರ್ಡಿಗೆ ಆರು ಸೆಂಟಿಮೀಟರ್ ಹತ್ತಿರ ನಿಂತು ಕೈ ಪಳಗಿಸಿದ್ದೆ.

ಆರು ಸೆಂಟಿಮೀಟರ್ ಏನು ಮಹಾ ಅಂತೀರಾ? ಡಾರ್ಟ್ ಬೋರ್ಡ್ ಮುಟ್ಟುವಾಗ ಕೆಳಮುಖವಾಗಿ ಬರ್ತಿರುತ್ತೆ. ಆರು ಸೆಂಟಿಮೀಟರ್ ಜಾಸ್ತಿ ಹಾರಿದರೆ ಸುಮಾರು ಒಂದು ಸೆಂಟಿಮೀಟರ್ ಕೆಳಗೆ ಬೀಳುತ್ತೆ. ಅಂಕ ಮೂರು ಪಟ್ಟಾಗೋ ಟ್ರೆಬಲ್ ಪಟ್ಟಿಯ ಅಗಲ ಬರೀ 8 ಮಿಲಿಮೀಟರ್. ಹಾಗಾಗಿ ಮನೆಯಲ್ಲಿ ಟ್ರೆಬಲ್ 20ರ ಮಧ್ಯಕ್ಕೆ ಕೂರುತ್ತಿದ್ದ ಡಾರ್ಟು ಪಬ್ಬಿನಲ್ಲಿ ತಂತಿಯ ಕೆಳಗೆ ಕೂರುತ್ತಿತ್ತು. ಮೂರೂ ಒಟ್ಟಿಗೆ, ಅಂಟಿಸಿದ ಹಾಗೆ. 180ರ ಬದಲು 60. ಡಬಲ್ 16ರ ಕಥೆ ಇನ್ನೂ ಘೋರ. ಆಟ ಅಂದ್ರೆ 501ರಿಂದ ಕಳೆಯುತ್ತಾ ಬಂದು, ಕೊನೇ ಡಾರ್ಟನ್ನು ಅಂಕ ಎರಡರಷ್ಟಾಗೋ ಹೊರಪಟ್ಟಿಗೆ, ಅಂದ್ರೆ ಡಬಲ್‌ಗೆ, ಹೊಡೆದು ಸರಿಯಾಗಿ ಸೊನ್ನೆ ಮಾಡೋದು. ಎಲ್ಲರೂ 32 ಉಳಿಸಿಕೊಳ್ಳೋಕೆ ನೋಡೋದು ಯಾಕೆ ಹೇಳಿ? ಒಳಗಡೆ ತಪ್ಪಿದರೂ 16 ಉಳಿಯುತ್ತೆ, ಮತ್ತೆ ತಪ್ಪಿದರೆ 8, ಆಮೇಲೆ 4. ಪ್ರತಿ ಸಲವೂ ಒಂದು ಡಬಲ್ ಇದ್ದೇ ಇರುತ್ತೆ. ಆದರೆ ಡಬಲ್ 16 ಬೋರ್ಡಿನ ಕೆಳ ಎಡಭಾಗದಲ್ಲಿದೆ. ನನ್ನ ಡಾರ್ಟು ಕೆಳಗಿಳಿದು ತಂತಿಯ ಹೊರಗೆ ಹೋಗುತ್ತಿತ್ತು. ಪೂರ್ತಿ ವೇಸ್ಟ್.

ಕಣ್ಣೆದುರಿಗೇ ಸಾಕ್ಷಿ ಇತ್ತು ಅಲ್ವಾ? ಮನೆಯಲ್ಲಿ 84, ಪಬ್ಬಿನಲ್ಲಿ 71. ಹೆದರಿಕೆ ಇದ್ದವನ ಡಾರ್ಟು ಚೆಲ್ಲಾಪಿಲ್ಲಿ ಆಗುತ್ತೆ, ಗುಂಪಾಗಿ ಒಂದೇ ಕಡೆ ತಪ್ಪೋದಿಲ್ಲ. ಆಫೀಸಿನಲ್ಲಿ ಇಂಥದ್ದು ಕಂಡರೆ ಮೊದಲು ಸೆಟಪ್ ನೋಡು ಅಂತ ಜೂನಿಯರ್‌ಗಳಿಗೆ ಪಾಠ ಮಾಡೋ ಮನುಷ್ಯ ನಾನು! ಇಲ್ಲಿ ಮಾತ್ರ 'ನನ್ನ ಮನಸ್ಸು ವೀಕು' ಅಂದುಕೊಂಡೆ. ಉಸಿರಾಟದ ಅಭ್ಯಾಸ ಮಾಡಿದೆ. 22 ಗ್ರಾಂ ಬಿಟ್ಟು 24, ಆಮೇಲೆ 26 ಗ್ರಾಂ ಸೆಟ್ ತಗೊಂಡೆ. ಐದು ಸಲ ವಿಶ್ವ ಚಾಂಪಿಯನ್ ಆದ ಎರಿಕ್ ಬ್ರಿಸ್ಟೋಗೆ ಡಾರ್ಟ್ ಕೈಯಿಂದ ಬಿಡೋಕೇ ಆಗದ ಡಾರ್ಟೈಟಿಸ್ ಬಂದಿತ್ತಲ್ಲ, ನನಗೂ ಅದೇ ಇರಬೇಕು ಅಂತ ರಾತ್ರಿಯಿಡೀ ಓದಿದೆ. ದಾರ ಹಿಡಿದು ಬೋರ್ಡಿನ ನಟ್ಟನಡುವಿನ ಬುಲ್‌ನಿಂದ ಗೆರೆಗೆ ಓರೆಯಾಗಿ ಅಳೆದಿದ್ದರೆ ಮುಗೀತಿತ್ತು. ಅದು 2.93 ಮೀಟರ್ ಇರಬೇಕು. ಅಳೆಯಲಿಲ್ಲ.

ಆ ಸ್ಥಿತಿಯಲ್ಲೇ ಜನವರಿಯಲ್ಲಿ ಮಿಲ್ಟನ್ ಕೀನ್ಸ್‌ನ ಕ್ಯೂ-ಸ್ಕೂಲ್‌ಗೆ, ಅಂದ್ರೆ ವೃತ್ತಿಪರ ಡಾರ್ಟ್ಸ್‌ನ ಅರ್ಹತಾ ಟೂರ್ನಿಗೆ, ಹೋದೆ. ದುಡ್ಡು ಕಟ್ಟಿದರೆ ನನ್ನಂಥವನೂ ಆಡಬಹುದು. ಎಲ್ಲರಿಗೂ ಬೇಕಾಗಿರೋದು ಪಿಡಿಸಿ ಅನ್ನೋ ವೃತ್ತಿಪರ ಡಾರ್ಟ್ಸ್ ಸಂಸ್ಥೆಯ ಟೂರಿನಲ್ಲಿ ಆಡೋಕೆ ಬೇಕಾದ ಟೂರ್ ಕಾರ್ಡ್. ಅದು ಇರೋದು 128 ಜನರ ಹತ್ತಿರ, ಹೊಸದಾಗಿ ಗೆದ್ದವರಿಗೆ ಎರಡು ವರ್ಷ ನಡೆಯುತ್ತೆ. ಮೂರು ದಿನ ಆಡಿದೆ. ಮೂರೂ ದಿನ ಮೊದಲ ಪಂದ್ಯಕ್ಕೇ ಔಟು. ಎರಡನೇ ದಿನ ನನ್ನನ್ನು ಸೋಲಿಸಿದವನು ಪ್ಲಂಬರ್, ಸೋಮವಾರ ಕೆಲಸಕ್ಕೆ ಹೋಗಬೇಕು ಅಂತಿದ್ದ.

ವಾರ ಕಳೆದ ಮೇಲೆ ಲೀಗಿನ ಹಿರಿಯರೊಬ್ಬರು ಮನೆಗೆ ಟೀಗೆ ಬಂದರು. ಸುಮ್ನೆ ಮೂರು ಡಾರ್ಟ್ ಎಸೆದರು. ಮೂರೂ ಟ್ರೆಬಲ್ ಪಟ್ಟಿಗಿಂತ ಮೇಲಕ್ಕೆ ಹೋದವು. ಕೆಳಗೆ ನೋಡಿದರು, ಗೋಡೆ ನೋಡಿದರು, ಟೇಪ್ ಎಲ್ಲಿ ಅಂತ ಕೇಳಿದರು.

ಗೆರೆ ಸರಿ ಮಾಡಿ, ಮೂರು ತಿಂಗಳು ಆಡಿದ ಮೇಲೂ ನನ್ನ ಸರಾಸರಿ 77 ದಾಟಲಿಲ್ಲ. 501ನ್ನು 15 ಡಾರ್ಟಿನಲ್ಲಿ ಮುಗಿಸಿದರೆ ನೂರರ ಸರಾಸರಿ. ದೊಡ್ಡವರು ಅಲ್ಲಿದ್ದಾರೆ. ನನಗೆ ಸುಮಾರು 20 ಬೇಕು. ಅಂದ್ರೆ ಆ ಆರು ಸೆಂಟಿಮೀಟರ್ ನನ್ನಿಂದ ಕಿತ್ತುಕೊಂಡಿದ್ದು ಟೂರ್ ಕಾರ್ಡ್ ಅಲ್ಲ, ಆರು ತಿಂಗಳ ಸಂಬಳ. ನಾನೆಷ್ಟರವನು ಅಂತ ರಜೆ ಹಾಕೋ ಮೊದಲೇ ಗೊತ್ತಾಗ್ತಿತ್ತು.

ಅದಕ್ಕೇ ನಿಮ್ಮ ಪ್ರಶ್ನೆಯೇ ಸರಿಯಿಲ್ಲ ಅಂತೀನಿ. 2025ರ ಜನವರಿಯಲ್ಲಿ 17 ವರ್ಷದ ಲ್ಯೂಕ್ ಲಿಟ್ಲರ್ ವಿಶ್ವ ಚಾಂಪಿಯನ್ ಆಗಿ 5 ಲಕ್ಷ ಪೌಂಡ್ ಗೆದ್ದಿದ್ದು ನೋಡಿ ನಿಮಗೆ ಆಸೆ ಹುಟ್ಟಿರಬೇಕು. ಅದೇ ವರ್ಷ ಟೂರಿನ ಪ್ಲೇಯರ್ಸ್ ಚಾಂಪಿಯನ್‌ಷಿಪ್ ಪಂದ್ಯಗಳಲ್ಲಿ ಮೊದಲ ಸುತ್ತು ಸೋತವರಿಗೆ ಸಿಕ್ಕಿದ್ದು ಸೊನ್ನೆ, ಹೋಟೆಲ್ ಬಾಡಿಗೆ ಸ್ವಂತದ್ದು. ಮುಂದೆ ವಿಶ್ವ ಚಾಂಪಿಯನ್ ಆದ ಫಿಲ್ ಟೇಲರ್ ಕಾರ್ಖಾನೆ ಬಿಟ್ಟು ಬಂದವರು ಅಂತೀರಾ? ಅವರಿಗೆ ದುಡ್ಡು ಕೊಟ್ಟು ಬೆನ್ನಿಗೆ ನಿಂತಿದ್ದು ಇದೇ ಬ್ರಿಸ್ಟೋ. ತನಗಿಂತ ದೊಡ್ಡ ಆಟಗಾರನ ಜೊತೆ ಆಡಿ ಆಡಿ, 1990ರ ವಿಶ್ವ ಚಾಂಪಿಯನ್‌ಷಿಪ್ ಫೈನಲ್‌ನಲ್ಲಿ ಆತನನ್ನೇ 6-1ರಿಂದ ಹೊಡೆದರು. ನಿಮ್ಮ ಎದುರಿಗೆ ಯಾರಿದ್ದಾರೆ? ಗೋಡೆ.

ಕೆಲಸ ಬಿಡಬೇಡಿ. ಬಿಡೋ ಅಗತ್ಯವೂ ಇಲ್ಲ. ಚೆನ್ನೈನ ನಿತಿನ್ ಕುಮಾರ್ ಭಾರತದ ಅರ್ಹತಾ ಟೂರ್ನಿ ಗೆದ್ದು ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೇಸ್‌ನ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಆಡಿದ್ದಾರೆ, ಅದೂ ಒಂದಕ್ಕಿಂತ ಹೆಚ್ಚು ಸಲ. ನಿಮ್ಮ ಊರಿಂದ ಚೆನ್ನೈಗೆ ರಾತ್ರಿ ಬಸ್ಸಿದೆ. ಹೋಗಿ, ಗುರುತಿಲ್ಲದವರ ಬೋರ್ಡಿನಲ್ಲಿ, ಗುರುತಿಲ್ಲದವರ ಎದುರು ಐವತ್ತು ಪಂದ್ಯ ಆಡಿ, ಆ ಸರಾಸರಿ ಬರೆದಿಡಿ.

ಅದಕ್ಕೂ ಮೊದಲು ಇವತ್ತು ಸಂಜೆ ದಾರ ಹಿಡಿದು ಓರೆಯಾಗಿ ಅಳೆಯಿರಿ. 2.93 ಬಂತಾ ಇಲ್ವಾ, ಕೆಳಗೆ ತಿಳಿಸಿ.