ಹಬ್ ನಟ್‌ಗೆ ಇಂಪ್ಯಾಕ್ಟ್ ಗನ್ ಸಾಕಾ?

ಮುಂದಿನ ಚಕ್ರದ ಬೇರಿಂಗ್ ಹೊಸದು ಹಾಕಿದ್ದೇನೆ, ಹಬ್ ನಟ್ಟನ್ನು (ಚಕ್ರದ ನಡುವಿನ ದೊಡ್ಡ ನಟ್) ಇಂಪ್ಯಾಕ್ಟ್ ಗನ್ನಿನಲ್ಲೇ (ಏಟು ಹಾಕುತ್ತಾ ನಟ್ ತಿರುಗಿಸುವ ಯಂತ್ರ) ಬಿಗಿದು ಚಾರ್ಮಾಡಿ ಇಳಿಯಬಹುದಾ ಅಂತ ಕೇಳಿದ್ದೀರಿ. ಬೇಡ. ಗನ್ ಬಿಚ್ಚುವುದಕ್ಕೆ ಮಾತ್ರ ಇರಲಿ. ಬಿಗಿಯುವಾಗ ಅದು ಎಷ್ಟು ಬಲ ಹಾಕಿತು ಅಂತ ಗೊತ್ತೇ ಆಗುವುದಿಲ್ಲ.

ನಿಮ್ಮದು ಮುಂದಿನ ಚಕ್ರ ಎಳೆಯುವ ಸಣ್ಣ ಕಾರು ಅಲ್ವಾ? ಬೇರಿಂಗ್‌ನ ಒಳಗಿನ ಎರಡು ರಿಂಗ್‌ಗಳನ್ನು ಅದುಮಿ ಹಿಡಿಯುವುದೇ ಈ ನಟ್. ಸಡಿಲವಾದರೆ ಚಕ್ರಕ್ಕೆ ಆಟ (ಅಲ್ಲಾಟ) ಬರುತ್ತದೆ, ಆಮೇಲೆ ಗುಂಯ್ ಅನ್ನುವ ಸದ್ದು. ಅದಕ್ಕೇ ಇದರ ಟಾರ್ಕ್ (ತಿರುಗಿಸಿ ಬಿಗಿಯುವ ಬಲ) ಜಾಸ್ತಿ, ಎಷ್ಟೋ ಕಾರುಗಳಲ್ಲಿ 200 ನ್ಯೂಟನ್ ಮೀಟರ್ ಆಚೀಚೆ. ಅಂದರೆ 1 ಮೀಟರ್ ಪೈಪಿನ ತುದಿಗೆ 20 ಕೆ.ಜಿ. ಹೇರಿದಷ್ಟು. ನಿಮ್ಮ ಮಾಡೆಲ್‌ನ ಅಂಕಿಯನ್ನು ಸರ್ವಿಸ್ ಮ್ಯಾನ್ಯುಯಲ್‌ನಲ್ಲೇ ನೋಡಿ.

ಕಾರು ಸ್ಟ್ಯಾಂಡ್ ಮೇಲಿರುವಾಗಲೇ ಒಬ್ಬರು ಬ್ರೇಕ್ ಒತ್ತಿ ಹಿಡಿಯಲಿ, ನೀವು ಟಾರ್ಕ್ ವ್ರೆಂಚ್‌ನಲ್ಲಿ (ಆ ಬಲವನ್ನು ಅಳೆದು ಬಿಗಿಯುವ ಸ್ಪ್ಯಾನರ್) ಬಿಗಿಯಿರಿ. ಅದಕ್ಕೆ ಮುಂಚೆ ಚಕ್ರ ನೆಲಕ್ಕಿಳಿಸಿ ಗಾಡಿ ಉರುಳಿಸಿದರೆ ಹೊಸ ಬೇರಿಂಗ್‌ಗೆ ಅಲ್ಲೇ ಪೆಟ್ಟು. ಅಂಚು ತಟ್ಟಿ ಲಾಕ್ ಮಾಡುವ ನಟ್ ಆದರೆ ಹೊಸದೇ ಹಾಕಿ, ದುಡ್ಡು ಉಳಿಸುವ ಜಾಗ ಇದಲ್ಲ.

ಎಸ್ಟೇಟ್ ಜೀಪು ರಿಪೇರಿ ಮಾಡುವವರು 'ಬಿಗಿದು ಸ್ವಲ್ಪ ಸಡಿಲ ಬಿಡಿ' ಅನ್ನುತ್ತಾರೆ. ಅಂಥ ಜೀಪಿನ ಟೇಪರ್ ಬೇರಿಂಗ್‌ಗೆ (ಓರೆ ರೋಲರ್‌ಗಳಿರುವ ಬೇರಿಂಗ್) ಅದು ಸರಿಯೇ. ನಿಮ್ಮ ಕಾರಿಗೆ ಖಂಡಿತ ಅಲ್ಲ.

ಮೊದಲು ಮೂಡಿಗೆರೆವರೆಗೆ ಸುಮ್ನೆ ಒಂದು ರೌಂಡ್ ಹೋಗಿ ಬನ್ನಿ. ಮತ್ತೆ ಜಾಕ್ ಹಾಕಿ, ಚಕ್ರವನ್ನು ಮೇಲೆ ಕೆಳಗೆ ಹಿಡಿದು ಅಲ್ಲಾಡಿಸಿ. ಟಕ್ ಟಕ್ ಅಂದರೆ ಘಾಟಿ ಇಳಿಯಬೇಡಿ.