ಡಿವಿಡಿ ಆದರೂ ವಿಸಿಡಿಯಷ್ಟೇ ಮಸುಕು ಏಕೆ?

ಮನೆಯ ಪೆಟ್ಟಿಗೆಯಲ್ಲಿ ಸಿಕ್ಕ ‘ಒಂದೇ ಡಿವಿಡಿಯಲ್ಲಿ ಮೂರು ಚಿತ್ರಗಳು’ ಹಾಕಿ ನೋಡಿದರೆ ಜೊತೆಗಿದ್ದ ವಿಸಿಡಿಗಿಂತ (ಸಿಡಿಯಲ್ಲೇ ಚಲನಚಿತ್ರ ತುಂಬಿದ ಹಳೆಯ ವಿಡಿಯೊ ಸಿಡಿ) ಏನೂ ಚೆನ್ನಾಗಿಲ್ಲ, ಡಿಸ್ಕ್ ಹಾಳಾಗಿದೆಯೇ ಎಂದು ಕೇಳಿದ್ದೀರಿ. ಹಾಳಾಗಿಲ್ಲ. ಅದು ಹುಟ್ಟಿದ್ದೇ ಹಾಗೆ.

ತುಮಕೂರಿನ ಬಿ.ಎಚ್. ರಸ್ತೆಯ ಬದಿಯ ಕ್ಯಾಸೆಟ್ ಅಂಗಡಿಯೊಂದರಲ್ಲಿ ನಾನು ಕೆಲಸಕ್ಕಿದ್ದಾಗ ಕ್ಯಾಸೆಟ್ಟುಗಳು ಅಟ್ಟ ಸೇರಿ ವಿಸಿಡಿಗಳು ಬಂದವು. 1993ರಲ್ಲಿ ರೂಪುಗೊಂಡ ಈ ವಿಸಿಡಿಯಲ್ಲಿ ಹಿಡಿಯುತ್ತಿದ್ದುದು ಸುಮಾರು 74 ನಿಮಿಷ. ಎರಡೂವರೆ ಗಂಟೆಯ ಚಿತ್ರ ಎರಡು ಡಿಸ್ಕಿಗೆ ಕೂದಲೆಳೆಯಷ್ಟು ಹೆಚ್ಚು! ಮೂರನೆಯ ಡಿಸ್ಕ್ ಹಾಕಬೇಕು, ಇಲ್ಲವೇ ಯಾವುದಾದರೂ ಹಾಡಿಗೆ ಕತ್ತರಿ. ಬಾಡಿಗೆಗೆ ಒಯ್ದವರು ಎರಡನೆಯ ಡಿಸ್ಕನ್ನು ಪ್ಲೇಯರಿನಲ್ಲೇ ಬಿಟ್ಟು ಡಬ್ಬಿ ಮಾತ್ರ ತಂದುಕೊಡುತ್ತಿದ್ದುದು ಬೇರೆ ಜಗಳ.

ಡಿವಿಡಿ 1996ರಲ್ಲಿ ಜಪಾನಿನಲ್ಲಿ, ಮರುವರ್ಷ ಅಮೆರಿಕದಲ್ಲಿ ಮಾರಾಟಕ್ಕೆ ಬಂತು. ಒಂದು ಪದರದ ಡಿಸ್ಕಿನಲ್ಲಿ 4.7 ಜಿಬಿ ಜಾಗ. ಎರಡೂವರೆ ಗಂಟೆಯ ಒಂದೇ ಚಿತ್ರವಿದ್ದರೆ ಪ್ರತಿ ಸೆಕೆಂಡಿನ ದೃಶ್ಯಕ್ಕೆ ಸುಮಾರು 4 ಮೆಗಾಬಿಟ್ ಮಾಹಿತಿಯ ಜಾಗ ಸಿಗುತ್ತದೆ. ಅಂಥ ಮೂರು ಚಿತ್ರಗಳನ್ನು ತುರುಕಿದರೆ 1.4. ವಿಸಿಡಿಯಲ್ಲಿ ಚಿತ್ರ, ಧ್ವನಿ ಎರಡಕ್ಕೂ ಸೇರಿ ಇದ್ದದ್ದೂ ಹೆಚ್ಚುಕಡಿಮೆ ಅಷ್ಟೇ! ಆದರೆ ವಿಸಿಡಿಯ ಚೌಕಟ್ಟು 352×288 ಚುಕ್ಕಿಗಳದ್ದು, ಡಿವಿಡಿಯದು 720×576. ಅದೇ ಹಿಟ್ಟಿನ ಉಂಡೆಯನ್ನು ನಾಲ್ಕು ಪಟ್ಟು ಅಗಲಕ್ಕೆ ತಟ್ಟಿದರೆ ರೊಟ್ಟಿ ಹರಿಯದೆ ಇರುತ್ತದೆಯೇ? ಹೊಡೆದಾಟ, ಮಳೆ, ಕುಣಿತ ಬಂದಾಗ ಪರದೆಯ ತುಂಬ ಚೌಕಚೌಕವಾಗಿ ಕಾಣುವುದು ಇದಕ್ಕೇ. ಚಿತ್ರವನ್ನು ಕುಗ್ಗಿಸಿ ತುಂಬುವ ಡಿವಿಡಿಯ ಎಂಪೆಗ್-2 ವಿಧಾನ ಕೆಟ್ಟದ್ದಲ್ಲ, ಕೊಟ್ಟ ಜಾಗ ಸಾಲಲಿಲ್ಲ.

ಇನ್ನೊಂದು ಕಾರಣ ಮೂಲಪ್ರತಿ. ಚಿತ್ರದ ಕೆಳ ಅಂಚಿನಲ್ಲಿ ನಡುಗುವ ಗೆರೆ ಕಂಡರೆ ಅದು ವಿಡಿಯೊ ಟೇಪಿನಿಂದ ಇಳಿಸಿದ್ದು. ಉದ್ದುದ್ದ ಗೀರು, ಮಚ್ಚೆಗಳಿದ್ದರೆ ಫಿಲ್ಮ್ ಪ್ರಿಂಟಿನದು. ಗೀರಿನ ಪ್ರತಿಯೇ ನನಗೆ ಇಷ್ಟ. ಮುಖದ ವಿವರವಾದರೂ ಉಳಿದಿರುತ್ತದೆ. ಟೇಪಿನ ಪ್ರತಿಯನ್ನು ಎಷ್ಟು ದೊಡ್ಡ ಡಿಸ್ಕಿಗೆ ಹಾಕಿದರೂ ಇಲ್ಲದ ವಿವರ ಬರುವುದಿಲ್ಲ. ರಟ್ಟಿನ ಮೇಲೆ ‘ಡಿಜಿಟಲ್’ ಎಂದು ಅಚ್ಚು ಹಾಕುವುದಕ್ಕೆ ಯಾರ ಅಪ್ಪಣೆಯೂ ಬೇಕಿರಲಿಲ್ಲ.

ಅದೇ ಚಿತ್ರದ ಒಂಟಿ ಡಿವಿಡಿ ಸಿಕ್ಕರೆ ಅದನ್ನು ನೋಡಿ. ಸಿಗದಿದ್ದರೆ ವಿಸಿಡಿಯನ್ನು ಎಸೆಯಬೇಡಿ. ಕಂಪ್ಯೂಟರಿಗೆ ಹಾಕಿ, ‘ಎಂಪೆಗ್‌ಎವಿ’ (MPEGAV) ಫೋಲ್ಡರಿನಲ್ಲಿರುವ ದೊಡ್ಡ ಕಡತಗಳನ್ನು ಈಗಲೇ ನಕಲು ಮಾಡಿಕೊಳ್ಳಿ. ವಿಎಲ್‌ಸಿ ಪ್ಲೇಯರ್ ಎಂಬ ತಂತ್ರಾಂಶದಲ್ಲಿ ಓಡುತ್ತವೆ.