ಆಸ್ತಿ ವಿಭಾಗದ ದಾವೆಯಲ್ಲಿ ರಾಜಿ ಆಗಿ ಅಂತ ವಕೀಲರು ಹೇಳುತ್ತಿದ್ದಾರೆ. ಅಕ್ಕ ಪಾಲು ಬೇಡ ಅಂದಿದ್ದಕ್ಕೆ ಅವರನ್ನು ದಾವೆಯಲ್ಲಿ ಪಾರ್ಟಿ (ಪಕ್ಷಗಾರರು) ಮಾಡಿಲ್ಲ. ರಾಜಿಗೆ ಒಪ್ಪಿದರೆ ಅಣ್ಣನ ಮುಂದೆ ಸೋತ ಹಾಗಾಗುತ್ತಾ?

ಸೋಲು-ಗೆಲುವಿನ ಮಾತು ಬಿಡಿ. ಅದೇ ಹಟದಲ್ಲಿ ನಾನೂ ವರ್ಷಗಟ್ಟಲೆ ವಾಯಿದೆಗೆ ಅಲೆದವನು. ಕೊನೆಗೆ ರಾಜಿಯಿಂದ ನನಗೇನೂ ನಷ್ಟ ಆಗಲಿಲ್ಲ, ರಾಜಿ ಅರ್ಜಿಯಲ್ಲಿ ಏನು ಸೇರಿಸಿದ್ದೇವೆ ಅಂತ ಯೋಚಿಸದೆ ಸಹಿ ಹಾಕಿದ್ದರಿಂದ ಆಯಿತು.

ನಮ್ಮದು ತಿಪಟೂರು ಕಡೆ ತೆಂಗಿನ ತೋಟ. ಅಪ್ಪ-ಅಮ್ಮ ಇಬ್ಬರೂ ಹೋದ ಮೇಲೆ ಉಳಿದದ್ದು ನಾನು, ಅಣ್ಣ ಇಬ್ಬರೇ. ನಿಜವಾದ ಜಗಳ ಬೋರ್‌ವೆಲ್ ಇರುವ ಭಾಗ ಯಾರಿಗೆ ಅನ್ನೋದು. ಕೋರ್ಟು ಮಧ್ಯಸ್ಥಿಕೆಗೆ ಕಳಿಸಿತು. ಬೋರ್ ಅಣ್ಣನ ಪಾಲಿಗೆ, ದಿನ ಬಿಟ್ಟು ದಿನ ನೀರು ನನಗೆ, ಮೋಟಾರ್ ರಿಪೇರಿ ಖರ್ಚು ಇಬ್ಬರದ್ದು, ಬದುವಿನ ಮೇಲೆ ಪೈಪ್ ಎಳೆಯಲು ಅಡ್ಡಿ ಮಾಡಬಾರದು ಅಂತ ಅಲ್ಲಿ ತೀರ್ಮಾನ ಆಯಿತು. ಕೇಸು ನಡೆಸಿದ್ದರೆ ಅರ್ಧರ್ಧ ಪಾಲು ಅಂತ ಪ್ರಾಥಮಿಕ ಡಿಕ್ರಿ (ಕೋರ್ಟಿನ ತೀರ್ಪಿನ ಆದೇಶ) ಬರುತ್ತಿತ್ತು, ಆಮೇಲೆ ಎಫ್‌ಡಿಪಿ (ಅಂತಿಮ ಡಿಕ್ರಿಯ ಪ್ರಕ್ರಿಯೆ), ಕೋರ್ಟ್ ಕಮಿಷನರ್, ಸರ್ವೆ ಅಂತ ಇನ್ನೊಂದು ಸುತ್ತು.

ನಾನು ಎಡವಿದ್ದು ಊರೊಳಗಿನ ಖಾಲಿ ಸೈಟಿನಲ್ಲಿ. ಅದು ದಾವೆಯ ಷೆಡ್ಯೂಲ್‌ನಲ್ಲಿ, ಅಂದರೆ ಆಸ್ತಿ ಪಟ್ಟಿಯಲ್ಲಿ, ಇರಲಿಲ್ಲ. ಸಂಧಾನದ ದಿನ ಅಣ್ಣನೇ "ಆ ಸೈಟು ನೀನೇ ಇಟ್ಕೊಳೋ" ಅಂದ. ಖುಷಿಯಲ್ಲಿ ಅದನ್ನೂ ಅರ್ಜಿಗೆ ಸೇರಿಸಿದೆವು. ಜಡ್ಜ್ ಸಾಹೇಬರು ಇಬ್ಬರನ್ನೂ ಮುಂದೆ ಕರೆದು, ಒಪ್ಪಿಯೇ ಸಹಿ ಹಾಕಿದ್ದೀರಾ, ಯಾರಾದರೂ ಒತ್ತಾಯ ಮಾಡಿದರಾ ಅಂತ ಕೇಳಿ ಡಿಕ್ರಿ ಮಾಡಿದರು. ತೋಟದ ಪಹಣಿ ನನ್ನ ಹೆಸರಿಗೆ ಬಂತು. ಸೈಟಿನ ಖಾತೆಗೆ ಹೋದರೆ, ನೋಂದಣಿ ಆಗಿಲ್ಲ ಅಂತ ಡಿಕ್ರಿ ನಕಲನ್ನು ವಾಪಸ್ ಕೊಟ್ಟರು.

ಅವರು ಹೇಳಿದ್ದು ಸರಿಯೇ. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶ, 3ನೇ ನಿಯಮಕ್ಕೆ 1976ರಲ್ಲಿ ತಿದ್ದುಪಡಿ ಆದಮೇಲೆ, ದಾವೆಯಲ್ಲಿ ಇಲ್ಲದ ಆಸ್ತಿಯನ್ನೂ ರಾಜಿಗೆ ಸೇರಿಸಬಹುದು, ಕೋರ್ಟು ಡಿಕ್ರಿ ಕೊಡುತ್ತದೆ. ಹಾಗಾಗಿ ಅವತ್ತು ಯಾರೂ ತಡೆಯಲಿಲ್ಲ. ಆದರೆ ನೋಂದಣಿ ಕಾಯ್ದೆಯ 17ನೇ ಕಲಮು ರಾಜಿ ಡಿಕ್ರಿಗೆ ಕೊಡುವ ವಿನಾಯಿತಿ ದಾವಾ ಆಸ್ತಿಗೆ ಮಾತ್ರ. ಹೊರಗಿನ ಸ್ಥಿರಾಸ್ತಿ ಸೇರಿದರೆ ಡಿಕ್ರಿಯನ್ನು 4 ತಿಂಗಳೊಳಗೆ ನೋಂದಣಿಗೆ ಹಾಜರುಪಡಿಸಬೇಕು, ತಡವಾದರೆ ದಂಡ ಕಟ್ಟಿ ಇನ್ನೂ 4 ತಿಂಗಳು. ನನಗೆ ಗೊತ್ತಾಗುವಷ್ಟರಲ್ಲಿ ಎರಡೂ ಗಡುವು ದಾಟಿತ್ತು. ಮತ್ತೆ ಅಣ್ಣನ ಬಾಗಿಲಿಗೆ ಹೋಗಿ ಹಕ್ಕು ಬಿಡುಗಡೆ ಪತ್ರ ಮಾಡಿಕೊಡು ಅನ್ನಬೇಕಾಯಿತು. ಅಷ್ಟರಲ್ಲಿ ಸೈಟಿನ ರೇಟು ಏರಿತ್ತು, ಅತ್ತಿಗೆಗೆ ಮನಸ್ಸಿರಲಿಲ್ಲ. ದುಡ್ಡು ಕೊಟ್ಟೇ ಸಹಿ ಹಾಕಿಸಿಕೊಂಡೆ. ರಾಜಿಗೆ ಮೊದಲೇ ಪ್ಲೇಂಟ್ (ದಾವಾ ಅರ್ಜಿ) ತಿದ್ದುಪಡಿಗೆ ಒಂದು ಅರ್ಜಿ ಹಾಕಿ ಸೈಟನ್ನು ಷೆಡ್ಯೂಲ್‌ಗೆ ಸೇರಿಸಿದ್ದರೆ ಇದ್ಯಾವುದೂ ಬೇಕಿರಲಿಲ್ಲ.

ನಿಮ್ಮ ವಕೀಲರು ಹೇಳಿದ ಹಾಗೆ ರಾಜಿ ಆಗಿ. ಆದರೆ ಕರಡನ್ನು ಮನೆಗೆ ತಂದು, ಷೆಡ್ಯೂಲ್ ಮತ್ತು ಪಹಣಿ ಪಕ್ಕದಲ್ಲಿಟ್ಟು ಸರ್ವೆ ನಂಬರು, ಎಕರೆ-ಗುಂಟೆ, ಚೆಕ್ಕುಬಂದಿ (ನಾಲ್ಕು ದಿಕ್ಕಿನ ಗಡಿ) ಎಲ್ಲ ತಾಳೆ ನೋಡಿ. ಜಮೀನಿಗೆ ಹೋಗುವ ದಾರಿ ಎಷ್ಟು ಅಡಿ ಅಂತ ಬರೆಸಿ, ನಕ್ಷೆ ಲಗತ್ತಿಸಿ. ಯಾಕೆಂದರೆ ಒಪ್ಪಿಗೆಯ ಡಿಕ್ರಿ ಮೇಲೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 96(3)ನೇ ಕಲಮಿನಂತೆ ಅಪೀಲು ಇಲ್ಲ, ಅದು ಕಾನೂನುಬದ್ಧವಲ್ಲ ಅಂತ ಬೇರೆ ದಾವೆ ಹೂಡಲೂ ಆಗದು.

ಅಕ್ಕ ಪಾಲು ಬೇಡ ಅಂದಿದ್ದಕ್ಕೆ ಅವರನ್ನು ಪಾರ್ಟಿ ಮಾಡಿಲ್ಲ ಅಂತ ಬರೆದಿದ್ದೀರಲ್ಲ, ನನಗೆ ನಿಜವಾಗಿ ಚಿಂತೆ ಆಗಿದ್ದು ಅದಕ್ಕೆ. ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯಿಂದ ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಹುಟ್ಟಿನಿಂದಲೇ ಸಮಪಾಲು. ಆ ಹೊತ್ತಿಗೆ ತಂದೆ ಬದುಕಿರಬೇಕು ಅಂತೇನಿಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಅಕ್ಕನ ಸಹಿ ಇಲ್ಲದ ರಾಜಿ ಅವರಿಗೆ ಅನ್ವಯಿಸುವುದಿಲ್ಲ, ನಾಳೆ ಅವರೋ ಅವರ ಮಕ್ಕಳೋ ಪಾಲು ಕೇಳಬಹುದು. ಮೊದಲು ಅಕ್ಕನನ್ನು ಪಾರ್ಟಿ ಮಾಡಿ. ಬೇಡ ಅನ್ನುವುದಾದರೆ ಕೋರ್ಟಿನಲ್ಲೇ ಸಹಿ ಹಾಕಿ ಹೇಳಲಿ, ಬೇಕು ಅಂದರೆ ಅವರ ಪಾಲು ಕೊಟ್ಟು ರಾಜಿ ಬರೆಸಿ.